ಕಡೆಗೀಲು ಕಿತ್ತ ಮೇಲೆ: ಒಂದು ತತ್ವಪ್ರಯೋಗದ ಪ್ರಕರಣ

ಇಲ್ಲಿ ಬರುವ ಕಲಾವಿದೆ, ಅರ್ಥಧಾರಿ, ಭಾಗವತರು, ಬಡಗಿ ಯಾರ ಹೆಸರನ್ನೂ ಹೇಳುವುದಿಲ್ಲ. ಊರು, ಇಸವಿಗಳನ್ನೂ ಬಿಟ್ಟಿದ್ದೇನೆ. ಗುರುತು ಸಿಕ್ಕಿಬಿಡಬಹುದಾದ ಒಂದೆರಡು ವಿವರಗಳನ್ನು ಬದಲಿಸಿದ್ದೇನೆ. ತಾಲೀಮಿನ ಟಿಪ್ಪಣಿ ಬರೆದಿಡುವ ಕೆಲಸ ನನ್ನದಾಗಿತ್ತು, ಹಾಗಾಗಿ ಹತ್ತಿರದಿಂದ ನೋಡಿದ್ದೇನೆ. ತತ್ವಶಾಸ್ತ್ರವನ್ನು ರಂಗಕ್ಕೆ ತರುತ್ತೇವೆಂದು ಹೊರಟವರು ಸಾಮಾನ್ಯವಾಗಿ ಎಡವುವ ಜಾಗ ಒಂದೇ: ತೀರ್ಮಾನ ಮೊದಲೇ ಜೇಬಿನಲ್ಲಿರುತ್ತದೆ, ಪ್ರದರ್ಶನ ಅದರ ಚಿತ್ರಪಟವಾಗುತ್ತದೆ. ಒಂದು ಬೌದ್ಧ ಸಂವಾದವನ್ನು ತಾಳಮದ್ದಳೆಯಾಗಿ ಕಟ್ಟಲು ಹೊರಟ ಈ ಪ್ರಯೋಗವೂ ಅಲ್ಲೇ ಎಡವಿತು. ಆಮೇಲೆ ಏನೇನು ಮಾಡಿದರು ಎಂಬುದು ಈ ಬರಹದ ವಿಷಯ.

ಕಲಾವಿದೆ ಮತ್ತು ಗಾಡಿ

ಆಕೆ ತತ್ವಶಾಸ್ತ್ರದಲ್ಲಿ ಎಂ.ಎ. ಮಾಡಿ, ಚಿತ್ರಕಲೆ ಕಲಿತು, ನಡುವೆ ರಂಗತರಬೇತಿಯನ್ನೂ ಮುಗಿಸಿದವರು. ಬೆಂಗಳೂರಿನ ಗ್ಯಾಲರಿಗಳಲ್ಲಿ ಕೆಲವು ವರ್ಷ ಏಕಾಂಗಿ ಪ್ರದರ್ಶನ ಮಾಡಿದ್ದರು, ಹೆಚ್ಚಿನವು ಇಂಗ್ಲಿಷಿನಲ್ಲಿ. ಒಂದರಲ್ಲಿ ನೆಲದ ಮೇಲೆ ಉಪ್ಪಿನಿಂದ ಒಂದು ವಾಕ್ಯ ಬರೆದು, ಬಂದವರ ಕಾಲ್ತುಳಿತಕ್ಕೆ ಅದು ಪೂರ್ತಿ ಅಳಿಯುವವರೆಗೆ ಗಟ್ಟಿಯಾಗಿ ಓದುತ್ತ ನಿಲ್ಲುತ್ತಿದ್ದರು. ನೋಡುವವರು ಮೂವತ್ತು ನಲವತ್ತು ಜನ, ಬಹುತೇಕ ಅವೇ ಮುಖಗಳು. ಕನ್ನಡದಲ್ಲಿ, ತಾನು ಹುಟ್ಟಿದ ಮಲೆನಾಡಿನಲ್ಲಿ ಏನಾದರೂ ಮಾಡಬೇಕೆಂಬ ಹಟ ಅವರಿಗೆ ಹತ್ತಿದ್ದು ಆಗಲೇ.

ಅವರ ಆದರ್ಶ ಅಮೆರಿಕದ ಏಡ್ರಿಯನ್ ಪೈಪರ್. ಪೈಪರ್ 1971ರ ಬೇಸಿಗೆಯಲ್ಲಿ ನ್ಯೂಯಾರ್ಕಿನ ತನ್ನ ಮನೆಯಲ್ಲಿ ಒಬ್ಬರೇ ಕೂತು ಜರ್ಮನ್ ತತ್ವಜ್ಞಾನಿ ಕಾಂಟನ 'ಶುದ್ಧಬುದ್ಧಿಯ ವಿಮರ್ಶೆ' ಓದುತ್ತ, ಉಪವಾಸ ಮಾಡುತ್ತ, ಓದಿನ ಸೆಳೆತದಲ್ಲಿ ತಾನೇ ಕರಗಿಹೋಗುತ್ತಿದ್ದೇನೆ ಅನ್ನಿಸಿದಾಗೆಲ್ಲ ಕನ್ನಡಿಯ ಮುಂದೆ ಹೋಗಿ ತನ್ನ ಫೋಟೋ ತಾನೇ ತೆಗೆದುಕೊಂಡವರು. ಮುಂದೆ ಹಾರ್ವರ್ಡಿನಲ್ಲಿ ಜಾನ್ ರಾಲ್ಸ್ ಅವರ ಕೈಕೆಳಗೆ 1981ರಲ್ಲಿ ಪಿಎಚ್.ಡಿ. ಮುಗಿಸಿದರು, ತತ್ವಶಾಸ್ತ್ರ ಕಲಿಸಿದರು, ಕಲೆಯನ್ನೂ ಬಿಡಲಿಲ್ಲ. 2015ರ ವೆನಿಸ್ ಬಿಯೆನಾಲೆ ಕಲಾಮೇಳದಲ್ಲಿ ಗೋಲ್ಡನ್ ಲಯನ್ ಪ್ರಶಸ್ತಿ ಪಡೆದರು. ಆ ಬೇಸಿಗೆಯಲ್ಲಿ ಕನ್ನಡಿಯ ಮುಂದೆ ನಿಂತದ್ದು ಕಾಂಟನಿಗೆ ಬರೆದ ವ್ಯಾಖ್ಯಾನವಲ್ಲ. 'ನಾನು ಇದ್ದೇನೆಯೇ' ಎಂಬ ಪ್ರಶ್ನೆಗೆ ಆ ಕ್ಷಣ ನಿಜಕ್ಕೂ ಉತ್ತರ ಬೇಕಾಗಿತ್ತು. ಈ ವ್ಯತ್ಯಾಸ ನಮ್ಮ ಕಲಾವಿದೆಗೆ ಬಾಯಲ್ಲಿ ಗೊತ್ತಿತ್ತು. ಕೈಗೆ ಇಳಿಯಲು ಹೊತ್ತು ಹಿಡಿಯಿತು.

ನಮ್ಮ ಕಲಾವಿದೆ ಆರಿಸಿಕೊಂಡ ಪಠ್ಯ ಪಾಲಿ ಭಾಷೆಯ ಬೌದ್ಧ ಗ್ರಂಥ ಮಿಲಿಂದಪಞ್ಹದ ರಥದ ಪ್ರಸಂಗ. ಕ್ರಿಸ್ತಪೂರ್ವ ಎರಡನೆಯ ಶತಮಾನದ ಇಂಡೋ-ಗ್ರೀಕ್ ದೊರೆ ಮಿನಾಂಡರ್, ಅಂದರೆ ಮಿಲಿಂದ, ಭಿಕ್ಷು ನಾಗಸೇನನನ್ನು ಕೇಳುತ್ತಾನೆ: ನಾಗಸೇನ ಎಂಬುವನು ಇಲ್ಲ, ಅದು ಬರೀ ಹೆಸರು ಎನ್ನುತ್ತೀಯಲ್ಲ, ಹಾಗಾದರೆ ಇಲ್ಲಿ ಮಾತಾಡುತ್ತಿರುವವನು ಯಾರು? ನಾಗಸೇನ ತಿರುಗಿ ಕೇಳುತ್ತಾನೆ: ದೊರೆ, ನಡೆದು ಬಂದೆಯೋ, ರಥದಲ್ಲಿ ಬಂದೆಯೋ? ರಥದಲ್ಲಿ. ಮೂಕಿ ರಥವೇ? ಅಲ್ಲ. ಇರುಸು? ಅಲ್ಲ. ಗಾಲಿ, ತೊಟ್ಟಿ, ಧ್ವಜದಂಡ, ನೊಗ, ಹಗ್ಗ, ಬಾರುಕೋಲು? ಯಾವುದೂ ಅಲ್ಲ. ಇವೆಲ್ಲವನ್ನು ಬಿಟ್ಟು ಬೇರೆ ರಥವಿದೆಯೇ? ಅದೂ ಇಲ್ಲ. ಕೊನೆಗೆ ದೊರೆ ಒಪ್ಪುತ್ತಾನೆ, ಈ ಭಾಗಗಳ ಆಸರೆಯಲ್ಲಿ 'ರಥ' ಎಂಬ ಹೆಸರು ನಡೆಯುತ್ತದೆ, ಅಷ್ಟೆ.

ಇದನ್ನು ತಾಳಮದ್ದಳೆಯಾಗಿ ಕಟ್ಟುವುದು ಯೋಜನೆ. ಬಯಲುಸೀಮೆಯ ಓದುಗರಿಗೆ ಒಂದು ಮಾತು: ತಾಳಮದ್ದಳೆಯಲ್ಲಿ ವೇಷ ಇಲ್ಲ, ಕುಣಿತ ಇಲ್ಲ. ಭಾಗವತರು ಪದ್ಯ ಹಾಡುತ್ತಾರೆ, ಮದ್ದಳೆ ಚೆಂಡೆ ಇರುತ್ತವೆ, ಎದುರುಬದುರು ಕುಳಿತ ಅರ್ಥಧಾರಿಗಳು ಪಾತ್ರವಾಗಿ ಆ ಕ್ಷಣ ಹೊಳೆದದ್ದನ್ನು ವಾದಿಸುತ್ತಾರೆ. ಮಳೆಗಾಲದಲ್ಲಿ ಯಕ್ಷಗಾನ ಮೇಳಗಳ ತಿರುಗಾಟ ನಿಂತ ಮೇಲೆ ಜಗಲಿ, ಚಾವಡಿಗಳಲ್ಲಿ ಇದರ ಸುಗ್ಗಿ. ಅಂದರೆ ಮಾತಿನ ಜಗಳವನ್ನೇ ರಾತ್ರಿಯಿಡೀ ಕೂತು ಕೇಳುವ ಪ್ರೇಕ್ಷಕರು ಅಲ್ಲಿ ಆಗಲೇ ಇದ್ದಾರೆ. ಕಲಾವಿದೆ ನಾಗಸೇನ, ಹೆಸರಾದ ಒಬ್ಬ ಹಿರಿಯ ಅರ್ಥಧಾರಿ ಮಿಲಿಂದ, ನಡುವೆ ಒಂದು ನಿಜವಾದ ಎತ್ತಿನ ಗಾಡಿ. ಒಂದೊಂದು ಭಾಗದ ಹೆಸರು ಬಂದಾಗ ಒಬ್ಬ ಬಡಗಿ ಆ ಭಾಗವನ್ನು ಕಳಚಿ ಬದಿಗಿಡಬೇಕು. ಕೊನೆಗೆ ನಡುಜಾಗ ಖಾಲಿ.

ಹಣ ಒಂದು ಖಾಸಗಿ ಸಂಸ್ಥೆಯ ಅನುದಾನ. ಅರ್ಜಿಯಲ್ಲಿ ನಾಟಕ, ದೃಶ್ಯಕಲೆ, ಜಾನಪದ ಎಂದು ಮೂರು ಚೌಕ, ಒಂದಕ್ಕೇ ಗುರುತು ಹಾಕಬೇಕು. ದೃಶ್ಯಕಲೆಗೆ ಹಾಕಿದರು. ಗಾಡಿ ಸಿಗುವುದು ಅದಕ್ಕಿಂತ ಕಷ್ಟವಾಯಿತು. ಟೈರು ಗಾಡಿ ಬಂದಮೇಲೆ ಮರದ ಗಾಲಿಯ ಗಾಡಿ ಅಪರೂಪ, ಉಳಿದ ಗಾಲಿಗಳು ರೆಸಾರ್ಟುಗಳ ಗೇಟಿಗೆ ಹೋಗಿವೆ. ಕೊಟ್ಟಿಗೆಯ ಹಿಂದೆ ಅರ್ಧ ಗೆದ್ದಲು ಹಿಡಿದಿದ್ದ ಒಂದನ್ನು ಕೊಂಡು ರಿಪೇರಿ ಮಾಡಿಸಿದರು. ಬಡಗಿ ಸಿಕ್ಕಿದ್ದು ಆ ರಿಪೇರಿಯ ಮೂಲಕವೇ.

ಮೊದಲ ಪ್ರದರ್ಶನ

ಒಂದು ದೇವಸ್ಥಾನದ ಚಾವಡಿ, ತುಂಬಿದ ಜನ. ಅರ್ಧ ಗಂಟೆಯಲ್ಲೇ ಎಲ್ಲ ಕೈತಪ್ಪಿತು.

ಅರ್ಥಧಾರಿಗಳು ಮಿಲಿಂದನ ಬಾಯಿಂದ ಕಠೋಪನಿಷತ್ತು ತೆಗೆದರು. ಅಲ್ಲೂ ರಥವಿದೆ: ಶರೀರ ರಥ, ಇಂದ್ರಿಯ ಕುದುರೆ, ಮನಸ್ಸು ಲಗಾಮು, ಬುದ್ಧಿ ಸಾರಥಿ, ಮತ್ತು ಒಳಗೆ ಕೂತಿರುವ ರಥಿಕ ಆತ್ಮ. "ಭಿಕ್ಷುವೇ, ನೀನು ರಥವನ್ನು ಬಿಚ್ಚಿಟ್ಟೆ, ಸಂತೋಷ. ರಥ ಬಿಚ್ಚಿದರೆ ರಥಿಕ ಕೆಳಗಿಳಿದು ನಿಲ್ಲುತ್ತಾನೆಯೇ ಹೊರತು ಇಲ್ಲವಾಗುತ್ತಾನೆಯೇ? ನಾನು ಬಂದದ್ದು ರಥದಲ್ಲಿ ಎಂದೆ, ನಾನೇ ರಥ ಎಂದೆನೇ?" ಚಾವಡಿಯಲ್ಲಿ ಚಪ್ಪಾಳೆ. ಇದು ಹಗುರವಾದ ಮಾತೂ ಅಲ್ಲ. ನಾಗಸೇನನ ಉಪಮೆ ತೋರಿಸುವುದು ಅವಯವ ಮತ್ತು ಅವಯವಿಯ, ಅಂದರೆ ಭಾಗ ಮತ್ತು ಇಡಿಯ, ಸಂಬಂಧವನ್ನು, ಏರಿ ಕೂತವನ ಬಗ್ಗೆ ಅದು ನೇರವಾಗಿ ಏನನ್ನೂ ಹೇಳುವುದಿಲ್ಲ ಎಂಬ ಆಕ್ಷೇಪಣೆಗೆ ಉತ್ತರ ಬೇಕೇ ಬೇಕು. ಕಲಾವಿದೆಯ ಬಳಿ ಉತ್ತರವಿತ್ತು, ಆದರೆ ಅದು ಬರೆದು ಬಾಯಿಪಾಠ ಮಾಡಿದ ಹದಿನೈದು ನಿಮಿಷದ ಗದ್ಯ. ಪಂಚಸ್ಕಂಧ, ಪ್ರಜ್ಞಪ್ತಿ, ಪ್ರತೀತ್ಯಸಮುತ್ಪಾದ ಎಂಬ ಬೌದ್ಧ ಪಾರಿಭಾಷಿಕ ಪದಗಳೆಲ್ಲ ಬಂದವು. ಎದುರಿಗಿದ್ದವರು ಆಡಿದ ಮಾತಿಗೆ ಒಂದು ಎಳೆಯೂ ತಾಗಲಿಲ್ಲ.

ಇನ್ನೊಂದು ಕಡೆ ಬಡಗಿಯ ಸುತ್ತಿಗೆ. ಏಟು ಬಿದ್ದಾಗೆಲ್ಲ ಭಾಗವತರ ಪದ್ಯ ಮುಳುಗಿತು. ಜನರ ಕಣ್ಣೆಲ್ಲ ಅವನ ಮೇಲೆ. ಗಾಲಿಯ ಸರದಿ ಬಂದಾಗ ಅವನು ಅದನ್ನು ಇಡಿಯಾಗಿ ಉರುಳಿಸಿಕೊಂಡು ಹೋಗಿ ಗೋಡೆಗೆ ಒರಗಿಸಿಟ್ಟ. ಯೋಜನೆಯ ಪ್ರಕಾರ ಗುಂಬ, ಅರೆಕಾಲು, ಸುತ್ತಿನ ಮರ ಎಲ್ಲ ಬೇರೆಬೇರೆಯಾಗಬೇಕಿತ್ತು. ಆಗುವುದಿಲ್ಲ, ಏಕೆಂದರೆ ಗಾಲಿಯ ಕಬ್ಬಿಣದ ಪಟ್ಟಿಯನ್ನು ಬೆಂಕಿಯಲ್ಲಿ ಕಾಯಿಸಿ, ಹಿಗ್ಗಿದಾಗ ಕೂರಿಸಿ, ನೀರು ಹೊಯ್ದು ಕುಗ್ಗಿಸಿರುತ್ತಾರೆ. ಅದು ಮರವನ್ನೆಲ್ಲ ಒಳಕ್ಕೆ ಬಿಗಿದು ಹಿಡಿದಿರುತ್ತದೆ. ಚಾವಡಿಯಲ್ಲಿ ಕೂತು ಅರ್ಧ ಗಂಟೆಯಲ್ಲಿ ಬಿಚ್ಚುವ ಸಾಮಾನಲ್ಲ ಅದು. ಹೀಗಾಗಿ ನಡುಜಾಗ ಖಾಲಿಯಾಗಿದ್ದರೂ ಗೋಡೆಯ ಬಳಿ ಎರಡು ಗಾಲಿಗಳು ಗಾಲಿಗಳಾಗಿಯೇ ಉಳಿದವು. "ಗಾಲಿ ಬಿಚ್ಚಲಿಲ್ಲವಲ್ಲ" ಎಂದು ಒಬ್ಬ ಹುಡುಗ ಗಟ್ಟಿಯಾಗಿ ಹೇಳಿದ್ದು ಎಲ್ಲರಿಗೂ ಕೇಳಿಸಿತು.

ಕೈಗೆ ಸಿಕ್ಕ ಪರಿಹಾರಗಳು

ಮೊದಲು ಹೊಳೆಯುವ ಪರಿಹಾರಗಳನ್ನೇ ಮೊದಲು ಮಾಡಿದರು. ನಾಗಸೇನನ ಮಾತು ಅರ್ಧಕ್ಕೆ ಇಳಿಯಿತು, ಪಾರಿಭಾಷಿಕ ಪದಗಳು ಹೋದವು. ಸುತ್ತಿಗೆಗೆ ರಬ್ಬರು ಸುತ್ತಿದರು. ಬಿಚ್ಚಲು ಬರುವ ಡೂಪ್ಲಿಕೇಟ್ ಗಾಲಿ ಮಾಡಿಸೋಣ ಎಂಬ ಮಾತೂ ಬಂತು; ಬಡಗಿ ಅದನ್ನು ನಾಟಕದ ಗಾಲಿ ಅಂದ, ಅಲ್ಲಿಗೆ ಬಿಟ್ಟರು.

ನಿಜವಾಗಿ ಕೆಟ್ಟ ನಿರ್ಧಾರ ಬೇರೆಯದು. ಇಂಥ ಪದ್ಯ ಆದಮೇಲೆ ಮಿಲಿಂದ ಸೋಲೊಪ್ಪಬೇಕು ಎಂದು ಅರ್ಥಧಾರಿಗಳಿಗೆ ಹೇಳಿದರು. ಮಿಲಿಂದಪಞ್ಹದಲ್ಲಿ ಹಾಗೇ ಇದೆಯಲ್ಲ, ತಪ್ಪೇನು? ಅವರು ಮುಖ ಸಣ್ಣದು ಮಾಡಿಕೊಂಡರೂ ಮಾತು ನಡೆಸಿದರು. ಎರಡನೆಯ ಪ್ರದರ್ಶನದಲ್ಲಿ ಆ ಪದ್ಯ ಮುಗಿದದ್ದೇ, "ಹೌದು ಪೂಜ್ಯರೇ, ತಿಳಿಯಿತು" ಎಂದುಬಿಟ್ಟರು. ಅದಕ್ಕೆ ಮುಂಚಿನ ಹತ್ತು ನಿಮಿಷ ಅವರ ವಾದದಲ್ಲಿ ಬಿಸಿಯೇ ಇರಲಿಲ್ಲ. ಕೇಳಲು ಬಂದಿದ್ದ ಹಿರಿಯರೊಬ್ಬರು ಊಟದ ಸಾಲಿನಲ್ಲಿ ಹೇಳಿದರು: "ಸೋಲ್ತೀನಿ ಅಂತ ಮನೇಲೇ ತೀರ್ಮಾನ ಮಾಡ್ಕೊಂಡು ಬಂದ ರಾಜನ ಹತ್ರ ಕೇಳೋದೇನು?"

ಈ ಮಾತಿನಿಂದ ಕಲಾವಿದೆಗೆ ಕಸಿವಿಸಿಯಾಯಿತು, ಆದರೆ ದಾರಿಯೂ ಇದರಿಂದಲೇ ಸಿಕ್ಕಿತು. ತಾಳಮದ್ದಳೆಯಲ್ಲಿ ಎಲ್ಲ ಪ್ರಸಂಗಗಳ ಕೊನೆಯೂ ಮೊದಲೇ ಗೊತ್ತು. ಕರ್ಣ ಸಾಯುತ್ತಾನೆ, ವಾಲಿ ಬೀಳುತ್ತಾನೆ. ಹಾಗಿದ್ದೂ ವಾಲಿಯ ಅರ್ಥ ಕೇಳಲು ಜನ ಮೈಲಿಗಟ್ಟಲೆ ಬರುತ್ತಾರೆ. ಯಾಕೆ? ಬಾಣ ತಾಗಿ ಬೀಳುವುದು ಕಥೆಯ ಕಟ್ಟು, ರಾಮನ ಸಮರ್ಥನೆಯನ್ನು ಒಪ್ಪುವುದು ಬಿಡುವುದು ವಾಲಿಯ ಅರ್ಥಧಾರಿಗೆ ಬಿಟ್ಟದ್ದು. ಘಟನೆ ನಿಗದಿ, ವಾದ ಮುಕ್ತ. ಮಿಲಿಂದನ ಪ್ರಸಂಗದಲ್ಲಿ ಘಟನೆಯೇ ಒಪ್ಪಿಗೆ. ಅದನ್ನು ತೆಗೆದರೆ ಕಥೆ ಇಲ್ಲ, ಇಟ್ಟರೆ ವಾದ ಇಲ್ಲ. ತತ್ವಶಾಸ್ತ್ರದ ಸಂವಾದಗಳನ್ನು ರಂಗಕ್ಕೆ ತರುವವರು ಬೇರೆಲ್ಲಕ್ಕಿಂತ ಮೊದಲು ನೋಡಬೇಕಾದದ್ದು ಇದನ್ನೇ ಎಂದು ನನಗನ್ನಿಸುತ್ತದೆ. ಗ್ರಂಥದ ಸಂವಾದದಲ್ಲಿ ಎದುರಾಳಿ ಹೆಚ್ಚಾಗಿ ತಲೆಯಾಡಿಸಲೆಂದೇ ಇರುತ್ತಾನೆ. ಪ್ಲೇಟೋನ ಎಷ್ಟೋ ಸಂವಾದಗಳ ಹಣೆಬರಹವೂ ಅದೇ. ನಮ್ಮ ನ್ಯಾಯಸೂತ್ರಗಳು ವಾದ, ಜಲ್ಪ, ವಿತಂಡ ಎಂದು ಮೂರು ಬಗೆ ಹೇಳುತ್ತವೆ. ಸತ್ಯ ತಿಳಿಯಲು ಆಡುವುದು ವಾದ, ಗೆಲ್ಲಲು ಆಡುವುದು ಜಲ್ಪ, ತನ್ನದೇನನ್ನೂ ಸ್ಥಾಪಿಸದೆ ಎದುರಿನವರದನ್ನು ಕೆಡವುವುದು ವಿತಂಡ. ತಲೆಯಾಡಿಸುವುದಕ್ಕೆ ಆ ಪಟ್ಟಿಯಲ್ಲಿ ಜಾಗವಿಲ್ಲ.

ವಜಿರಾ, ಮಾರ, ಕಡಾಣಿ

ಕಲಾವಿದೆ ಮತ್ತೆ ಪುಸ್ತಕಕ್ಕೆ ಹೋದರು. ನಾಗಸೇನ ಆ ವಾದದ ಕೊನೆಗೆ ಆಧಾರವಾಗಿ ಕೊಡುವುದು ಅವನ ಸ್ವಂತ ಮಾತನ್ನಲ್ಲ, ವಜಿರಾ ಎಂಬ ಭಿಕ್ಷುಣಿಯ ಗಾಥೆಯನ್ನು. ಅದು ಸಂಯುತ್ತನಿಕಾಯ ಎಂಬ ಪಾಲಿ ಸೂತ್ರಸಂಗ್ರಹದಲ್ಲಿದೆ. ಶ್ರಾವಸ್ತಿಯ ಬಳಿಯ ಕಾಡಿನಲ್ಲಿ ಧ್ಯಾನಕ್ಕೆ ಕೂತ ವಜಿರೆಯ ಮುಂದೆ, ಧ್ಯಾನ ಕೆಡಿಸಲು ಬರುವ ಮಾರ ಬಂದು ಕೇಳುತ್ತಾನೆ: ಈ ಜೀವವನ್ನು ಮಾಡಿದವರು ಯಾರು? ಮಾಡಿದವನು ಎಲ್ಲಿದ್ದಾನೆ? ಎಲ್ಲಿ ಹುಟ್ಟಿತು, ಎಲ್ಲಿ ಅಡಗುತ್ತದೆ? ಅವಳು ಕೊಡುವ ಉತ್ತರದಲ್ಲೇ ರಥದ ಉಪಮೆ ಇರುವುದು. ಕೊನೆಗೆ ಮಾರ 'ಇವಳು ನನ್ನನ್ನು ಗುರುತಿಸಿದಳು' ಎಂದು ನೊಂದು ಮರೆಯಾಗುತ್ತಾನೆ. ಅವನು ಒಪ್ಪಿದ ಎಂದು ಎಲ್ಲೂ ಇಲ್ಲ! ಎದ್ದು ಹೋಗುವುದು ಘಟನೆ. ಯಾಕೆ ಹೋದ ಎಂಬುದನ್ನು ಅರ್ಥಧಾರಿ ತುಂಬಿಕೊಳ್ಳಬಹುದು.

ಮಾರನ ಪಾತ್ರ ಎಂದಾಗ ಅರ್ಥಧಾರಿಗಳು ಹಿಗ್ಗಿದರು. ಪ್ರತಿನಾಯಕನ ಅರ್ಥಕ್ಕೆ ಈ ಕಲೆಯಲ್ಲಿ ಇರುವ ಮಾನ ಅಂಥದ್ದು. ಬಾಯಿಪಾಠದ ಗದ್ಯವನ್ನು ಕಲಾವಿದೆ ಪೂರ್ತಿ ಬಿಟ್ಟರು. ಆ ಮಳೆಗಾಲ ಸಂಜೆಗಳಲ್ಲಿ ಅರ್ಥಧಾರಿಗಳ ಮನೆ ಜಗಲಿಯಲ್ಲಿ ಕೂತು, ಯಾವ ಪ್ರಸಂಗ ಬಂದರೂ ಎದುರು ಅರ್ಥ ಹೇಳಿ ಅಭ್ಯಾಸ ಮಾಡಿದರು. ಎಂ.ಎ. ಓದಿದ್ದು ಅಲ್ಲಿ ಉಪಯೋಗಕ್ಕೆ ಬಂತೇ ಎಂದು ಕೇಳಿದರೆ, ಬಂತು, ಆದರೆ ಸುಮ್ಮನಿರುವುದನ್ನು ಕಲಿತ ಮೇಲೆ ಎನ್ನುತ್ತಾರೆ.

ಇನ್ನು ಬಡಗಿಯದು. ಗಾಡಿಯನ್ನು ಯಾವ ಕ್ರಮದಲ್ಲಿ ಬಿಚ್ಚಬೇಕೆಂದು ಈವರೆಗೆ ಹೇಳುತ್ತಿದ್ದದ್ದು ಪಠ್ಯ. ಒಂದು ತಾಲೀಮಿನಲ್ಲಿ ಕಲಾವಿದೆ, "ನಿಮ್ಮಷ್ಟಕ್ಕೇ ಬಿಟ್ಟರೆ ಎಲ್ಲಿಂದ ಶುರು ಮಾಡ್ತೀರಿ?" ಎಂದು ಕೇಳಿದರು. ಅವನು ಮಾತಾಡದೆ ಇರುಸಿನ ತುದಿಗೆ ಬೆರಳು ಹಾಕಿ, ಕೀಲೆಣ್ಣೆಯ ಕಪ್ಪು ಜಿಡ್ಡನ್ನು ಒರೆಸಿ, ಗೇಣುದ್ದದ ಕಡಾಣಿಯನ್ನು ಎರಡು ಏಟಿಗೆ ಕೆಳಗಿನಿಂದ ಎಬ್ಬಿಸಿ ಕೈಗೆ ತೆಗೆದ. ಕಡಾಣಿ ಎಂದರೆ ಗಾಲಿ ಇರುಸಿನಿಂದ ಜಾರದಂತೆ ತಡೆಯುವ ಕೀಲು, ಹಳಬರು ಕಡೆಗೀಲು ಎನ್ನುವುದು ಇದನ್ನೇ. ಗಾಡಿ ನೋಡಲು ಹಾಗೇ ಇತ್ತು. ಒಂದು ಮರವೂ ಕದಲಿರಲಿಲ್ಲ. ಅವನು ಗಾಲಿಯನ್ನು ಮೊಣಕಾಲಿನಿಂದ ಹೊರಕ್ಕೆ ನೂಕಿದ, ಒಂದು ಅಂಗುಲ ಸರಿಯಿತು. "ಈಗ ಇದು ಗಾಡಿ ಅಲ್ಲ" ಅಂದ.

ಆ ಹೊತ್ತಿಗೆ ಕಲಾವಿದೆ ಮಾಡಿದ ಕೆಲಸ ನನಗೆ ಇಂದಿಗೂ ಮೆಚ್ಚುಗೆ. ಹೋಗಿ ನಾಗಸೇನನ ಪಟ್ಟಿ ತೆಗೆದು ನೋಡಿದರು. ಅದರಲ್ಲಿ ಕಡೆಗೀಲು ಇಲ್ಲ. ಮೂಕಿ, ಇರುಸು, ಗಾಲಿಯಿಂದ ಹಿಡಿದು ಬಾರುಕೋಲಿನವರೆಗೆ ಎಲ್ಲ ಇದೆ, ಇದೊಂದು ಇಲ್ಲ. ಪಟ್ಟಿಯ ಪ್ರಶ್ನೆ 'ಗಾಡಿ ಎಲ್ಲಿದೆ' ಎಂಬುದು. ಬಡಗಿ ಎಬ್ಬಿಸಿದ ಪ್ರಶ್ನೆ 'ಯಾವಾಗ ಗಾಡಿಯಾಗಿ ಉಳಿಯಲಿಲ್ಲ' ಎಂಬುದು. ಮೊದಲನೆಯದಕ್ಕೆ ಭಾಗಗಳ ಎಣಿಕೆ ಸಾಕು, ಎರಡನೆಯದಕ್ಕೆ ಕೂಡಿಕೆಯನ್ನು ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಕನ್ನಡದಲ್ಲಿ ಈ ಎರಡನೆಯ ಪ್ರಶ್ನೆಯನ್ನು ಹಿಡಿದವನು ಜೇಡರ ದಾಸಿಮಯ್ಯ: ಕಡೆಗೀಲಿಲ್ಲದ ಬಂಡಿ ಉರುಳದೆ ಇದ್ದೀತೇ ಎಂದು ಕೇಳಿ, ಒಡಲೆಂಬ ಬಂಡಿಗೆ ಶಿವಭಕ್ತರ ಮಾತಿನ ಒಡನಾಟವೇ ಕಡೆಗೀಲು ಎನ್ನುತ್ತಾನೆ. ಉಪನಿಷತ್ತಿನ ರಥಿಕನೂ ಅಲ್ಲ, ಬೌದ್ಧರ ಬರೀ ಹೆಸರೂ ಅಲ್ಲ, ಆಡುವ ಮಾತು ಹಿಡಿದಿಟ್ಟಿರುವ ಒಂದು ಬಂಡಿ. ಮಾತಿನದೇ ಕಲೆಯಾದ ತಾಳಮದ್ದಳೆಯಲ್ಲಿ ಇದಕ್ಕೆ ಎಷ್ಟು ಬೆಲೆ ಬರುತ್ತದೆಂದು ಬಿಡಿಸಿ ಹೇಳಬೇಕಿಲ್ಲ.

ಹೊಸ ಕಟ್ಟುಪಾಡು ಹೀಗಾಯಿತು. ಯಾವ ಭಾಗವನ್ನು ಯಾವಾಗ ಬಿಚ್ಚಬೇಕೆಂಬುದು ಬಡಗಿಯ ತೀರ್ಮಾನ. ಬಿಚ್ಚಿದ್ದು ಕಣ್ಣಿಗೆ ಬಿದ್ದ ಕೂಡಲೇ ಮಾರನಾಗಲಿ ವಜಿರೆಯಾಗಲಿ ಅದಕ್ಕೆ ಮಾತು ಕೊಡಲೇಬೇಕು, ಮುಂದೆ ಹೋಗುವಂತಿಲ್ಲ. ಪದ್ಯದ ಹೊತ್ತಿಗೆ ಸುತ್ತಿಗೆ ಇಲ್ಲ. ವಾದ ಸುತ್ತಲು ಶುರುವಾದರೆ ಭಾಗವತರು ಮುಂದಿನ ಪದ್ಯ ಎತ್ತಿ ನಿಲ್ಲಿಸಬಹುದು, ಈ ಅಧಿಕಾರ ಅವರಿಗೆ ಮೊದಲಿನಿಂದಲೂ ಇರುವುದೇ. ಬಡಗಿಗೂ ಅರ್ಥಧಾರಿಗಳಿಗೂ ಒಂದೇ ಸಂಭಾವನೆ, ಹ್ಯಾಂಡ್‌ಬಿಲ್ಲಿನಲ್ಲಿ ಒಂದೇ ಅಳತೆಯ ಅಕ್ಷರ. ಈ ಕೊನೆಯದಕ್ಕೆ ಅರ್ಥಧಾರಿಗಳ ಕಡೆಯವರಿಂದ ಗೊಣಗಾಟ ಬಂತು. ಕಲಾವಿದೆ ಬಗ್ಗಲಿಲ್ಲ. ವಾದದ ದಿಕ್ಕು ತಿರುಗಿಸುವ ಅಧಿಕಾರ ಕೊಟ್ಟು ಕೂಲಿ ಲೆಕ್ಕದಲ್ಲಿ ದುಡ್ಡು ಕೊಡುವುದು ನಡೆಯುವ ಮಾತಲ್ಲ ಎಂದರು.

ಶಾಲೆಯ ಸಭಾಂಗಣದಲ್ಲಿ

ಮೂರನೆಯ ಪ್ರದರ್ಶನ ಒಂದು ಶಾಲೆಯ ಸಭಾಂಗಣದಲ್ಲಿ, ಹೊರಗೆ ಜಡಿಮಳೆ. ಇರುಸಿನ ಕೆಳಗೆ ಗಾಡಿ ಪೂರ್ತಿ ಮಗುಚದಂತೆ ಒಂದು ಗಟ್ಟಿ ದಿಮ್ಮಿ ಇಟ್ಟಿದ್ದರು. ಮೊದಲ ಮುಕ್ಕಾಲು ಗಂಟೆ ಬಡಗಿ ಏನನ್ನೂ ಮುಟ್ಟಲಿಲ್ಲ. ಸುಮ್ಮನೆ ಗಾಡಿಯ ಪಕ್ಕ ಕುಕ್ಕರಗಾಲಲ್ಲಿ ಕೂತಿದ್ದ. ಮಾರ ರಥಿಕನ ವಾದವನ್ನು ಏರಿಸುತ್ತ ಹೋದರು: ಗಾಡಿ ಹಳತಾದರೆ ಬೇರೆ ಗಾಡಿ ಹತ್ತುತ್ತೇವೆ, ಹತ್ತುವವನು ಒಬ್ಬನೇ ಅಲ್ಲವೇ? ಸಭೆ ಪೂರ್ತಿ ಅವರ ಕಡೆ. ಮಾತು ಇನ್ನೇನು ತುದಿ ಮುಟ್ಟಬೇಕು, ಬಡಗಿ ಎದ್ದು ಎಡಗಡೆಯ ಕಡಾಣಿ ಕಿತ್ತು ಗಾಲಿ ನೂಕಿದ. ಗಾಡಿ ದಡಕ್ಕನೆ ದಿಮ್ಮಿಯ ಮೇಲೆ ವಾಲಿತು.

ಮಾರ ನಿಲ್ಲಲೇಬೇಕಾಯಿತು. ಎರಡು ಉಸಿರಿನಷ್ಟು ಹೊತ್ತು ನೋಡಿ, "ರಥಿಕ ಇದ್ದಾನೆ ಎನ್ನುತ್ತಿದ್ದೆ. ಈಗ ಬಿದ್ದಿದ್ದಾನೆ. ಬಿದ್ದವನಿಗೆ ನೋವಾಗಿದೆ ವಜಿರೆ, ಹಾಗಾದರೆ ಇದ್ದಾನೆ!" ಎಂದರು. ಸಭೆ ಹೋ ಎಂದಿತು. ಕಲಾವಿದೆ ಹಿಂದಿನಂತೆ ಉತ್ತರಕ್ಕೆ ಧಾವಿಸಲಿಲ್ಲ. ಬಡಗಿಯ ಕೈಯಿಂದ ಕಡಾಣಿ ತೆಗೆದುಕೊಂಡು ಮಾರನ ಮುಂದಿಟ್ಟು ಕೇಳಿದರು: "ಇದು ಇದ್ದಾಗ ನಿನಗೆ ಇದರ ನೆನಪಿತ್ತೇ?" ಅಲ್ಲಿಂದ ಮುಂದಿನ ಅರ್ಧ ಗಂಟೆಯ ವಾದ ನನ್ನ ಟಿಪ್ಪಣಿಗಳಲ್ಲೇ ಅತ್ಯಂತ ದಟ್ಟವಾದ ಭಾಗ. ಯಾವುದರ ಮೇಲೆ ನಾವು ನಿಂತಿದ್ದೇವೋ ಅದು ಕಳಚುವವರೆಗೆ ಕಾಣದಿರುವುದು ಹೇಗೆ, ಕಾಣದ ಕೂಡಿಕೆಗೇ 'ನಾನು' ಎಂದು ಹೆಸರಿಟ್ಟಿದ್ದೇವೆಯೇ, ಎಂದು ಇಬ್ಬರೂ ಬರೆದು ತರದ ಜಾಗಕ್ಕೆ ಹೋದರು. ಕೊನೆಗೆ ಮಾರ ಸೋಲೊಪ್ಪದೆ, "ಉತ್ತರ ಸಿಕ್ಕಿತೆಂದು ಹೋಗುತ್ತಿಲ್ಲ, ಪ್ರಶ್ನೆ ಬದಲಾಯಿತೆಂದು ಹೋಗುತ್ತಿದ್ದೇನೆ" ಎಂದು ಎದ್ದರು. ಗಾಲಿಗಳನ್ನು ಬಿಚ್ಚುವ ಗೋಜಿಗೆ ಯಾರೂ ಹೋಗಲಿಲ್ಲ, ಯಾರೂ ಕೇಳಲೂ ಇಲ್ಲ.

ಎಲ್ಲ ಕಡೆ ಇದು ಹೀಗೇ ಆಗಲಿಲ್ಲ. ಬೆಂಗಳೂರಿನ ಒಂದು ಗ್ಯಾಲರಿಯಲ್ಲಿ ಗಾಡಿಯೇ ಮುಳುವಾಯಿತು. ಜನ ಅದರ ಪಕ್ಕ ನಿಂತು ಸೆಲ್ಫಿ ತೆಗೆದುಕೊಂಡರು, ಬಡಗಿಯನ್ನು 'ಅಥೆಂಟಿಕ್' ಎಂದು ಹೊಗಳಿದರು, ವಾದ ಯಾರ ಕಿವಿಗೂ ಬೀಳಲಿಲ್ಲ. ರಾತ್ರಿಯಿಡೀ ಮಾತು ಕೇಳುವ ಅಭ್ಯಾಸವಿಲ್ಲದ ಕಡೆ ಆ ಅಭ್ಯಾಸವನ್ನೂ ಜೊತೆಗೆ ಕೊಂಡೊಯ್ಯಲು ಆಗುವುದಿಲ್ಲ. ಒಂದು ಉತ್ಸವದವರು ಇಪ್ಪತ್ತು ನಿಮಿಷಕ್ಕೆ ಇಳಿಸಿ ಕೊಡಿ ಎಂದಾಗ ಕಲಾವಿದೆ ಒಪ್ಪಲಿಲ್ಲ. ದುಡ್ಡಿನ ದೃಷ್ಟಿಯಿಂದ ಅದು ದೊಡ್ಡ ನಷ್ಟ. ನನ್ನ ಪ್ರಕಾರ ಸರಿಯಾದ ನಿರ್ಧಾರ: ಮುಕ್ಕಾಲು ಗಂಟೆ ಏನೂ ಆಗದೆ ಇದ್ದದ್ದರಿಂದಲೇ ಆ ಒಂದು ಕಡಾಣಿಗೆ ತೂಕ ಬಂದದ್ದು.

ತತ್ವಶಾಸ್ತ್ರದ ಅಧ್ಯಾಪಕರೊಬ್ಬರ ಆಕ್ಷೇಪಣೆ ಬೇರೆ. ಶಾಲೆಯ ಪ್ರದರ್ಶನ ನೋಡಿದವರಲ್ಲಿ ಮುಕ್ಕಾಲು ಪಾಲು ಜನ ರಥಿಕನನ್ನು ಉಳಿಸಿಕೊಂಡೇ ಮನೆಗೆ ಹೋದರು, ಆತ್ಮವಿಲ್ಲ ಎನ್ನುವ ಬೌದ್ಧರ ಅನಾತ್ಮವಾದಕ್ಕೆ ನ್ಯಾಯ ಸಿಗಲಿಲ್ಲ ಎಂದರು. ನಿಜ. ವಾದವನ್ನು ಮುಕ್ತವಾಗಿ ಬಿಟ್ಟರೆ ಆ ಸಭೆಯ ಬಲ ಯಾವ ಕಡೆ ಇದೆಯೋ ಅತ್ತ ವಾಲುತ್ತದೆ. ಇದಕ್ಕೆ ಕಲಾವಿದೆ ಇನ್ನೂ ಉಪಾಯ ಹುಡುಕುತ್ತಿದ್ದಾರೆ. ಪಾತ್ರ ಅದಲುಬದಲು ಮಾಡಿ, ತಾನು ಮಾರನಾಗಿ, ಅರ್ಥಧಾರಿಗಳು ವಜಿರೆಯಾಗಿ ಕೂರುವ ಯೋಚನೆ ಇದೆ. ಎಪ್ಪತ್ತು ದಾಟಿದ ಅವರು ಭಿಕ್ಷುಣಿಯ ಅರ್ಥಕ್ಕೆ ಪಾಲಿ ಗಾಥೆಗಳನ್ನು ಬರೆಸಿಕೊಂಡು ಓದುತ್ತಿದ್ದಾರೆ.

ಈ ನಡುವೆ ಅವರೇ ಬೇರೊಂದು ಕಡೆ ಕರ್ಣಪರ್ವದ ತಾಳಮದ್ದಳೆಯಲ್ಲಿ ಶಲ್ಯನ ಅರ್ಥ ಹೇಳಿದರಂತೆ. ಕರ್ಣನ ರಥದ ಗಾಲಿ ಹೂತಾಗ ಶಲ್ಯನ ಬಾಯಲ್ಲಿ ಬಂತು: "ಗಾಲಿ ನೋಡಬೇಡ ಕರ್ಣ. ನಿನ್ನ ರಥದ ಕಡೆಗೀಲು ಹಸ್ತಿನಾವತಿಯಲ್ಲೇ ಬಿದ್ದಿತ್ತು." ಸಭೆಗೆ ಅದು ಎಲ್ಲಿಂದ ಬಂದ ಮಾತೆಂದು ಗೊತ್ತಿಲ್ಲ. ಸುದ್ದಿ ತಿಳಿದ ಕಲಾವಿದೆ ಅರ್ಧ ಖುಷಿ, ಅರ್ಧ ಮುನಿಸು. ತನ್ನ ಹೆಸರು ಹೇಳಬಹುದಿತ್ತು ಎಂದು ಒಮ್ಮೆ, ತಾಳಮದ್ದಳೆಯಲ್ಲಿ ವಾದಗಳಿಗೆ ಒಡೆಯರೆಲ್ಲಿ ಎಂದು ಇನ್ನೊಮ್ಮೆ. ಅನುದಾನದ ಅಂತಿಮ ವರದಿಯಲ್ಲಿ 'ಯೋಜನೆಯ ಫಲಿತಾಂಶ' ಎಂಬ ಕಲಂ ಇತ್ತು. ಶಲ್ಯನ ಆ ಮಾತನ್ನು ಅಲ್ಲಿ ಬರೆಯೋಣ ಎಂದು ನಾನು ಹೇಳಿದೆ. ಅವರು ಬರೆದರು. ಸಂಸ್ಥೆಯವರು ಅದನ್ನು ಹೊಡೆದುಹಾಕಿ, ಪ್ರದರ್ಶನಗಳ ಸಂಖ್ಯೆ ಮತ್ತು ನೋಡಿದವರ ಸಂಖ್ಯೆ ಕೇಳಿ ವಾಪಸು ಕಳಿಸಿದರು.